ಮಂಡೆಬಿಸಿಗೊಂದು ಸಾಕ್ಷ್ಯಚಿತ್ರ

ಜುಲೈ ತಿಂಗಳ ಒಂದು ಬೆಳಿಗ್ಗೆ ಬೆಂಗಳೂರಿನ ಸಾಕ್ಷ್ಯಚಿತ್ರ ನಿರ್ದೇಶಕರೊಬ್ಬರು ಮಲ್ಪೆ ಬಂದರಿಗೆ ಬಂದಿಳಿದರು. ಸ್ನೇಹಿತನ ಸ್ನೇಹಿತರು, ಹಾಗಾಗಿ ಊರು ತೋರಿಸುವ ಕೆಲಸ ನನ್ನ ತಲೆಗೆ ಬಿತ್ತು. ವಿಷಯ ಏನು ಸಾರ್ ಅಂದೆ. 'ಆಧುನಿಕ ಬದುಕಿನ ದ್ವಂದ್ವಗಳು' ಅಂದರು. 70 ನಿಮಿಷದ್ದಂತೆ. ಮಾತು ಕಡಿಮೆ, ಮೌನ ಜಾಸ್ತಿ.

ಬಂದರಿನಲ್ಲಿ ಬೋಟುಗಳು ಒಂದಕ್ಕೊಂದು ಒರಗಿಕೊಂಡು ನಿಂತಿದ್ದವು. ನೋಡಿದ್ದೇ ತಡ, ನಿರ್ದೇಶಕರ ಕಣ್ಣು ಒದ್ದೆಯಾಯಿತು. 'ದಾರಿ ಕಾಣದೆ ನಿಂತುಬಿಟ್ಟ ಮನುಷ್ಯ!'

'ಇಲ್ಲ ಸಾರ್, ಇದು ರಜೆ. ಜೂನ್ 1ರಿಂದ ಜುಲೈ 31ರ ತನಕ 61 ದಿನ ಯಂತ್ರದ ಬೋಟುಗಳು ಕಡಲಿಗೆ ಇಳಿಯುವ ಹಾಗಿಲ್ಲ. ಮೀನು ಮೊಟ್ಟೆ ಇಡುವ ಸಮಯ.'

'ಇದನ್ನು ಕ್ಯಾಮೆರಾ ಮುಂದೆ ಹೇಳಬೇಡಿ' ಅಂದರು.

ನಿಂತದ್ದೇ ಬೇಕಿದ್ದರೆ ಮಂಗಳೂರಿನ ಪಂಪ್‌ವೆಲ್ ಫ್ಲೈಓವರ್ ಇತ್ತು. 2010ರಲ್ಲಿ ಶುರುವಾಗಿ 2020ರ ಜನವರಿ 31ಕ್ಕೆ ತೆರೆಯಿತು. ಇವರು ಬಂದದ್ದು ತಡವಾಯಿತು, ಏನು ಮಾಡುವುದು?

ಆಮೇಲೆ ಒಣಮೀನು ಮಾರುವ ಅಕ್ಕ ಸಿಕ್ಕಿದರು. ಬುಟ್ಟಿ, ಕೊಡೆ, ಮುಖದ ತುಂಬಾ ಗೆರೆ. ನಿರ್ದೇಶಕರಿಗೆ ಇನ್ನೇನು ಬೇಕು? ಆದರೆ ಪಕ್ಕದಲ್ಲೇ ಕ್ಯೂಆರ್ ಬೋರ್ಡು, ದುಡ್ಡು ಬಂದರೆ ಕೂಗಿ ಹೇಳುವ ಪೆಟ್ಟಿಗೆ. ಎರಡಕ್ಕೂ ನನ್ನ ಹೆಗಲ ಟವೆಲು, ಅದೇ ನಮ್ಮ ಬೈರಾಸು, ಮುಚ್ಚಿಸಿದರು. ಅಕ್ಕನ ಮೊಬೈಲು ಬುಟ್ಟಿಯ ಅಡಿಗೆ ಹೋಯಿತು. ಈ ಚಾಳಿ ಹೊಸದೇನಲ್ಲ ಬಿಡಿ. 1922ರ 'ನಾನೂಕ್ ಆಫ್ ದಿ ನಾರ್ತ್' ಸಾಕ್ಷ್ಯಚಿತ್ರದಲ್ಲಿ ರಾಬರ್ಟ್ ಫ್ಲಾಹರ್ಟಿ, ಬಂದೂಕು ಬಳಸುತ್ತಿದ್ದ ಬೇಟೆಗಾರನ ಕೈಗೆ ಈಟಿ ಕೊಡಿಸಿದ್ದ. ಒಳಗೆ ಬೆಳಕು ಸಾಲದೆಂದು ಒಂದು ಬದಿ ತೆರೆದೇ ಇರುವ ಮಂಜಿನ ಮನೆ ಕಟ್ಟಿಸಿದ್ದ. ಅದರ ಮುಂದೆ ನನ್ನ ಬೈರಾಸು ಯಾವ ಲೆಕ್ಕ?

'ಅಮ್ಮಾ, ನಿಮ್ಮೊಳಗಿನ ದ್ವಂದ್ವ ಏನು?'

ಅಕ್ಕ ನನ್ನ ಕಡೆ ತಿರುಗಿದರು. 'ಎಂಥ ಕೇಳುವುದು ಇವರು? ಮಂಡೆಬಿಸಿಯಾ?'

'ಹೌದಕ್ಕ, ಅದೇ.'

'ಅದು ಬೇಕಾದಷ್ಟು ಉಂಟು ಮಾರಾಯ್ರೆ. ಬೋಟಿಗೆ ಸಾಲ ಮಾಡಿದ್ದೇವೆ. ಮಗ ಗಲ್ಫಿಗೆ ಹೋಗ್ತೇನೆ ಅಂತಾನೆ. ಹೋದ್ರೆ ಬೋಟು ನೋಡುವುದು ಯಾರು? ಹೋಗದಿದ್ರೆ ಕಂತು ಕಟ್ಟುವುದು ಯಾರು?'

'ಕಟ್! ಸಾಲ ಬೇಡಮ್ಮ, ಟಿವಿ ಸುದ್ದಿ ಥರ ಆಗುತ್ತೆ. ಸುಮ್ನೆ ಸಮುದ್ರ ನೋಡಿ.'

ಅಕ್ಕ ಸಮುದ್ರ ನೋಡಿದರು. ಹುಟ್ಟಿದಾಗಿನಿಂದ ನೋಡುತ್ತಿರುವ ಸಮುದ್ರ, ಹೊಸದಾಗಿ ನೋಡಲು ಏನಿದೆ? ಆದರೂ ನೋಡಿದರು. ಮೌನ ಚೆನ್ನಾಗಿ ಬರುತ್ತಿತ್ತು. ಅಷ್ಟರಲ್ಲಿ ಬೈರಾಸಿನ ಅಡಿಯಿಂದ ಆ ಪೆಟ್ಟಿಗೆ ಕೂಗಿತು: 'ನೂರಾ ಇಪ್ಪತ್ತು ರೂಪಾಯಿ ಸ್ವೀಕರಿಸಲಾಗಿದೆ.' ನಿನ್ನೆ ಸಾಲ ಹೇಳಿ ಹೋದವರು ಯಾರೋ ಈಗ ಕಳಿಸಿದ್ದಂತೆ. ಏಳು ಸಲ ತೆಗೆದರು. ಏಳನೆಯದಕ್ಕೆ ಮಳೆ ಬಂತು.

ನಡುನಡುವೆ ನಿರ್ದೇಶಕರ ಮೊಬೈಲು ಬೇರೆ. ನಿರ್ಮಾಪಕರು ಇದನ್ನೇ ಒಂದೂವರೆ ನಿಮಿಷದ ರೀಲ್ ಮಾಡಿ ಅಂತಾರಂತೆ. ಅಡ್ಡ ಹಿಡಿಯಬೇಕೋ, ಉದ್ದ ಹಿಡಿಯಬೇಕೋ? ಕೊಡೆ ಅಡಿಯಲ್ಲಿ ಅರ್ಧ ಗಂಟೆ ಜಗಳ ನಡೆಯಿತು. ಅದನ್ನು ಯಾರೂ ಚಿತ್ರೀಕರಿಸಲಿಲ್ಲ.

ಹೊರಡುವಾಗ ಮನೆಗೆಂದು ಒಣ ಸಿಗಡಿ, ಒಣ ನಂಗ್ ಮೀನು ಕಟ್ಟಿಸಿಕೊಂಡರು. ದುಡ್ಡು ಕೊಡಲು ಮೊಬೈಲು ತೆಗೆದರೆ ಚಾರ್ಜು ಮುಗಿದಿತ್ತು. ಜೇಬಿನಲ್ಲಿ ನೋಟಿಲ್ಲ. ಪೊಟ್ಟಣ ಹಿಡಿದು ಮಳೆಯಲ್ಲಿ ನಿಂತರು.

'ನಾಳೆ ಕೊಡಿ, ಪರವಾಗಿಲ್ಲ' ಅಂದರು ಅಕ್ಕ.

'ಇವತ್ತು ರಾತ್ರಿಯೇ ಬಸ್ಸು ಅಮ್ಮ.'

'ಹಾಗಾದ್ರೆ ಇಲ್ಲಿ ಕೊಡಿ' ಎಂದು ಅಕ್ಕ ಪೊಟ್ಟಣ ವಾಪಸು ತಗೊಂಡರು. ಬೈರಾಸನ್ನು ನನ್ನ ಕೈಗಿತ್ತರು.