ರೇಡಿಯೋ ನೋಡಲು ಬನ್ನಿ

ರೇಡಿಯೋ ಎಂದರೇನು ಅಂತ ಹಳ್ಳಿಯವರಿಗೆ ತಿಳಿಸಲು ಸರಕಾರಕ್ಕೆ ಹೊಳೆದ ದಾರಿ ಸಿನಿಮಾ. ಕಿವಿಗೆ ಬೇಕಾದದ್ದನ್ನು ಕಣ್ಣಿಗೆ ತೋರಿಸುವುದು! ವ್ಯಾನು ಬರುತ್ತಿತ್ತು. ಜನರೇಟರು, ಪ್ರೊಜೆಕ್ಟರು, ಬಿಳಿ ಪರದೆ ಎಲ್ಲ ಬರುತ್ತಿತ್ತು, ರೇಡಿಯೋ ಒಂದನ್ನು ಬಿಟ್ಟು. ಶಾಲೆಯ ಅಂಗಳದಲ್ಲಿ ಜನರೇಟರಿನ ಗುಡುಗುಡು ಸದ್ದಿಗೆ ಪರದೆಯ ರೇಡಿಯೋ ಏನು ಹೇಳಿತೆಂದು ಯಾರಿಗೂ ಕೇಳಿಸದಿದ್ದರೆ ಅದು ಬೇರೆ ವಿಷಯ.

1948ರಲ್ಲಿ ಸರಕಾರದ ಸಾಕ್ಷ್ಯಚಿತ್ರ ವಿಭಾಗ ಫಿಲ್ಮ್ಸ್ ಡಿವಿಷನ್ ಶುರುವಾದ ಮೇಲೆ ಟಾಕೀಸಿಗೆ ಹೋದರೂ ತಪ್ಪಿಸಿಕೊಳ್ಳುವಂತಿರಲಿಲ್ಲ. ಹೀರೋ ಬರುವ ಮೊದಲು ಸಾಕ್ಷ್ಯಚಿತ್ರ ಕಡ್ಡಾಯ. ಅದರಲ್ಲಿ ಪೇಟ ಸುತ್ತಿದ ರೈತ ಕಟ್ಟೆಯ ಮೇಲೆ ಕೂತು, ಪೆಟ್ಟಿಗೆ ಹೇಳಿದ್ದಕ್ಕೆಲ್ಲ ತಲೆದೂಗಿ, ಎದ್ದು ಹೋಗಿ ಗೋಧಿ ಬಿತ್ತುತ್ತಾನೆ. ನಮ್ಮ ಕಾಸರಗೋಡಿನಲ್ಲಿ ತಲೆಗೆ ಮುಟ್ಟಾಳೆ (ಅಡಿಕೆ ಹಾಳೆಯ ಟೋಪಿ) ಇಟ್ಟು ಕೂತವರ ಚಿಂತೆಯೇ ಬೇರೆ. ಅಡಿಕೆಗೆ ಕೊಳೆರೋಗದ ಮದ್ದು ಬಿಡಲು ಮಳೆ ಯಾವಾಗ ಬಿಡುತ್ತದೆ? ಗೋಧಿಯವನಿಗೆ ಅದೆಲ್ಲ ಹೇಗೆ ಗೊತ್ತಿರಬೇಕು, ಪಾಪ.

ಚಿತ್ರದಲ್ಲಿ ಗುಂಡಿ ತಿರುಗಿಸಿದ ಕೂಡಲೇ ರೇಡಿಯೋ ಮಾತಾಡುತ್ತದೆ. ನಿಜವಾದ ವಾಲ್ವ್ ಸೆಟ್ಟು, ಅಂದರೆ ಗಾಜಿನ ಬುರುಡೆಗಳ ಹಳೆ ರೇಡಿಯೋ, ಬಿಸಿಯಾಗದೆ ಬಾಯಿ ಬಿಡುವುದಿಲ್ಲ. ಕರೆಂಟಿಲ್ಲದ ಮನೆಗೆ ದಪ್ಪ ಬ್ಯಾಟರಿ ಬೇಕು. ಎರಡು ತೆಂಗಿನ ಮರದ ನಡುವೆ ಏರಿಯಲ್ ತಂತಿ ಕಟ್ಟಬೇಕು. ಅರ್ತ್ ತಂತಿಯ ಬುಡ ಒಣಗದ ಹಾಗೆ ಚೊಂಬಿನಲ್ಲಿ ನೀರು ಹೊಯ್ಯಬೇಕು. ಸಿಡಿಲು ಬಂದರೆ ತಂತಿ ಕಳಚಲು ಓಡಬೇಕು. ಇಷ್ಟು ಚಾಕರಿ ಆದ ಮೇಲೂ ಸುಮ್ನೆ ಕೇಳುವಂತಿರಲಿಲ್ಲ. 1933ರ ಕಾಯ್ದೆ ಪ್ರಕಾರ ಲೈಸನ್ಸಿಲ್ಲದೆ ರೇಡಿಯೋ ಇಟ್ಟುಕೊಳ್ಳುವುದೇ ಆಗ ಅಪರಾಧವಾಗಿತ್ತು. ಹಂದಿ ಹೊಡೆಯುವ ಕೋವಿಗೂ ಲೈಸನ್ಸು, ಹವಾಮಾನ ಹೇಳುವ ಪೆಟ್ಟಿಗೆಗೂ ಲೈಸನ್ಸು! ವರ್ಷ ವರ್ಷ ಪೋಸ್ಟಾಫೀಸಿಗೆ ಹೋಗಿ ದುಡ್ಡು ಕಟ್ಟುವ ರೈತನನ್ನು ಪರದೆಯ ಮೇಲೆ ತೋರಿಸಲು ರೀಲು ಸಾಲಲಿಲ್ಲವೇನೋ.

1956ರ ನವೆಂಬರ್ 1ಕ್ಕೆ ನಾವು ಕೇರಳದವರಾದೆವು. 1976ರಲ್ಲಿ ಮಂಗಳೂರು ಆಕಾಶವಾಣಿ ಶುರುವಾಯಿತು. ಗಡಿಯ ತಲಪಾಡಿ ಚೆಕ್‌ಪೋಸ್ಟಿನವರು ಲಾರಿ ನಿಲ್ಲಿಸಿದರೇ ಹೊರತು ಯಕ್ಷಗಾನದ ಚೆಂಡೆಯನ್ನು ನಿಲ್ಲಿಸಲಿಲ್ಲ.

ಈಗ ಮತ್ತೆ ಹಳೆ ಚಾಳಿ. ಮೊನ್ನೆ ಬದಿಯಡ್ಕ ಕಡೆಯ ಒಂದು ಸಭಾಭವನದಲ್ಲಿ, ಹಳ್ಳಿಗೆ ರೇಡಿಯೋ ಬಂದ ಬಗೆ ಹೇಳುವ ಸಾಕ್ಷ್ಯಚಿತ್ರ. ಕೂತವರು ಜಾಸ್ತಿ ಕನ್ನಡದವರು, ನಿರೂಪಣೆ ಅಚ್ಚ ಮಲಯಾಳದಲ್ಲಿ. ಮುಗಿದ ಮೇಲೆ ಅಜ್ಜರೊಬ್ಬರು ಎದ್ದು, "ಅದೆಲ್ಲ ಇರಲಿ ಮಾರಾಯ್ರೆ, ಮಂಗಳೂರು ಸ್ಟೇಷನ್ ಹಿಡಿಯುವ ರೇಡಿಯೋ ಈಗ ಯಾವ ಅಂಗಡಿಯಲ್ಲಿ ಉಂಟು?" ಅಂತ ಕೇಳಿದರು. ಚಿತ್ರ ತೋರಿಸಿದ ಸಾಹೇಬರು ನಕ್ಕು, ಅಭಿಪ್ರಾಯ ಬರೆಯಲು ಫಾರಂ ಕೊಟ್ಟರು. ಅದೂ ಮಲಯಾಳದ್ದೇ. ಪಕ್ಕದವರು ಓದಿ ಹೇಳಿದರು, ಮೊದಲ ಪ್ರಶ್ನೆ: ಚಿತ್ರದ ಭಾಷೆ ಅರ್ಥವಾಯಿತೇ? ಗುರುತು ಹಾಕಲು ಚೌಕ ಒಂದೇ ಇತ್ತು: ಹೌದು.