ಅದೇ ಬೀದಿಯಲ್ಲಿ ಮನೆ ಇದ್ದ ಜಡ್ಜ್

ಊರಿಂದ ಯಾರೇ ಬರಲಿ, ಅಮೆರಿಕದ ಸೌತ್ ಕ್ಯಾರೊಲಿನಾ ರಾಜ್ಯದ ಚಾರ್ಲ್ಸ್‌ಟನ್ ತೋರಿಸಲು ಕರೆದುಕೊಂಡು ಹೋದಾಗ ಮೀಟಿಂಗ್ ಸ್ಟ್ರೀಟಿನ 61ನೇ ನಂಬರ್ ಮನೆ ಮುಂದೆ ಎರಡು ನಿಮಿಷ ನಿಲ್ಲಿಸುತ್ತೇನೆ. ಇಲ್ಲಿಂದ ಸ್ವಲ್ಪ ನಡೆದರೆ ಬ್ರಾಡ್ ಸ್ಟ್ರೀಟ್ ಮೂಲೆ, ಅಲ್ಲೇ ಫೆಡರಲ್ ಕೋರ್ಟು, ಅಂದರೆ ಕೇಂದ್ರ ಸರ್ಕಾರದ ಕೋರ್ಟು. ಜಡ್ಜ್ ವೇಟೀಸ್ ವೇರಿಂಗ್ ಈ ಮನೆಯಲ್ಲಿದ್ದರು, ಆ ಕೋರ್ಟಿನಲ್ಲಿ ಕೂರುತ್ತಿದ್ದರು. ಆ ನಾಲ್ಕು ಹೆಜ್ಜೆ ದಾರಿಯಲ್ಲಿ ಕೊನೆಗೆ ಅವರಿಗೆ ನಮಸ್ಕಾರ ಹೇಳುವವರೂ ಇರಲಿಲ್ಲ.

1880ರಲ್ಲಿ ಇದೇ ಊರಲ್ಲಿ ಹುಟ್ಟಿದವರು. ಹಲವು ತಲೆಮಾರಿನಿಂದ ಇಲ್ಲೇ ಬೇರು ಬಿಟ್ಟ ಮನೆತನ. ಅಪ್ಪ ಅಮೆರಿಕದ ಅಂತರ್ಯುದ್ಧದಲ್ಲಿ, ಗುಲಾಮಗಿರಿ ಉಳಿಸಿಕೊಳ್ಳಲು ಒಕ್ಕೂಟ ಬಿಟ್ಟುಹೋದ ದಕ್ಷಿಣದವರ ಪರ ಹೋರಾಡಿದವರು. ವೇರಿಂಗ್ ವಕೀಲರಾದರು, ಬಿಳಿಯರೇ ಮೇಲು ಅಂತ ಬಹಿರಂಗವಾಗಿ ಹೇಳುತ್ತಿದ್ದ ಒಬ್ಬ ಸೆನೆಟರ್ ಪರ ಚುನಾವಣೆಯಲ್ಲಿ ಓಡಾಡಿದರು. 1942ರಲ್ಲಿ ಜಡ್ಜ್ ಆದಾಗ ಅವರಿಗೆ 61 ವರ್ಷ. ಆ ವಯಸ್ಸಿಗೆ ನಮ್ಮಲ್ಲಿ ಜಿಲ್ಲಾ ನ್ಯಾಯಾಧೀಶರು ನಿವೃತ್ತರಾಗಿ ಮನೆಯಲ್ಲಿರುತ್ತಾರೆ. ಇವರ ಬದುಕು ಶುರುವಾಗಿದ್ದೇ ಆಮೇಲೆ.

ಮೊದಲು ಕರಿಯ ಶಿಕ್ಷಕರಿಗೂ ಬಿಳಿಯರಷ್ಟೇ ಸಂಬಳ ಕೊಡಿ ಅಂತ ಹೇಳಿದರು. ಅದಕ್ಕೆ ಊರು ಜಾಸ್ತಿ ಗಲಾಟೆ ಮಾಡಲಿಲ್ಲ. ಅವರನ್ನು ಬದಲಿಸಿದ್ದು ಐಸಾಕ್ ವುಡರ್ಡ್ ಕೇಸು. 1946ರ ಫೆಬ್ರವರಿ. ಸೇನೆಯಿಂದ ಆಗತಾನೇ ಬಿಡುಗಡೆಯಾದ ಕರಿಯ ಸಾರ್ಜೆಂಟ್, ಮೈಮೇಲೆ ಇನ್ನೂ ಯೂನಿಫಾರ್ಮ್. ಬಸ್ಸಿನಲ್ಲಿ ಮನೆಗೆ ಹೊರಟಿದ್ದ. ಮೂತ್ರಕ್ಕೆ ಹೋಗಬೇಕು ಅಂದಿದ್ದಕ್ಕೆ ಡ್ರೈವರ್ ಜೊತೆ ಮಾತಿಗೆ ಮಾತು ಬೆಳೆಯಿತು. ಬೇಟ್ಸ್‌ಬರ್ಗ್ ಎಂಬ ಊರಲ್ಲಿ ಇಳಿಸಿ ಪೊಲೀಸರಿಗೆ ಒಪ್ಪಿಸಿದರು. ಅಲ್ಲಿನ ಪೊಲೀಸ್ ಮುಖ್ಯಸ್ಥ ಲಾಠಿಯಿಂದ ಹೊಡೆದ ಹೊಡೆತಕ್ಕೆ ಎರಡೂ ಕಣ್ಣು ಹೋದವು. ಆ ಮುಖ್ಯಸ್ಥನ ವಿಚಾರಣೆ ನಡೆದಿದ್ದು ವೇರಿಂಗ್ ಮುಂದೆ. ತಪ್ಪಿತಸ್ಥನೋ ಅಲ್ಲವೋ ಅಂತ ಹೇಳುವ ಜನಸಾಮಾನ್ಯರ ಗುಂಪು, ಅಂದರೆ ಜ್ಯೂರಿಯಲ್ಲಿ ಎಲ್ಲರೂ ಬಿಳಿಯರು. ಅರ್ಧ ಗಂಟೆಯೊಳಗೆ ನಿರಪರಾಧಿ ಅಂತ ಹೇಳಿ ಎದ್ದುಹೋದರು. ಕೋರ್ಟಿನಲ್ಲಿ ಕೂತಿದ್ದ ಜಡ್ಜ್ ಹೆಂಡತಿ ಎಲಿಜಬೆತ್ ಅಳುತ್ತಾ ಹೊರಗೆ ಹೋದರು.

ಅಲ್ಲಿಂದ ಮುಂದೆ ಗಂಡ ಹೆಂಡತಿ ಇಬ್ಬರೂ ಕೂತು ಓದತೊಡಗಿದರು, ತಮ್ಮದೇ ಊರಿನ ಬಗ್ಗೆ. 66 ವರ್ಷದ ಮನುಷ್ಯ ತಾನು ಹುಟ್ಟಿದಾಗಿನಿಂದ ನೋಡುತ್ತಾ ಬಂದಿದ್ದನ್ನು ಮೊದಲ ಸಲ ನೋಡಿದ ಹಾಗೆ ನೋಡೋದು ಸಣ್ಣ ಮಾತಲ್ಲ. ಕೋರ್ಟ್ ಹಾಲಿನಲ್ಲಿ ಕರಿಯರಿಗೆ ಬೇರೆ ಜಾಗ ಅನ್ನುವುದನ್ನು ತೆಗೆಸಿದರು. 1947ರಲ್ಲಿ ಡೆಮಾಕ್ರಟಿಕ್ ಪಕ್ಷದ ಅಭ್ಯರ್ಥಿಯನ್ನು ಆರಿಸುವ ಒಳಚುನಾವಣೆಯಲ್ಲಿ ಕರಿಯರೂ ವೋಟು ಹಾಕಬಹುದು ಅಂತ ತೀರ್ಪು ಕೊಟ್ಟರು. ಸೌತ್ ಕ್ಯಾರೊಲಿನಾ ಮತ್ತೆ ಅಮೆರಿಕದ ಒಕ್ಕೂಟಕ್ಕೆ ಸೇರುವ ಕಾಲ ಬಂದಿದೆ ಅಂತ ಅದರಲ್ಲೇ ಬರೆದರು.

ಊರು ಅವರನ್ನು ಬಿಟ್ಟಿತು. ಮೊದಲ ಹೆಂಡತಿಗೆ ವಿಚ್ಛೇದನ ಕೊಟ್ಟು, ಉತ್ತರದ ಕಡೆಯ ಎಲಿಜಬೆತ್‌ರನ್ನು ಮದುವೆಯಾಗಿದ್ದಕ್ಕೆ ಮೊದಲೇ ಮುನಿಸಿತ್ತು. ತೀರ್ಪುಗಳಾದ ಮೇಲೆ ಊಟಕ್ಕೆ ಕರೆಯುವುದು ನಿಂತಿತು, ಫೋನಿನಲ್ಲಿ ಬೈಗುಳ ಶುರುವಾಯಿತು. 1950ರ ಅಕ್ಟೋಬರಿನ ಒಂದು ರಾತ್ರಿ ಇಬ್ಬರೂ ಇಸ್ಪೀಟ್ ಆಡುತ್ತಾ ಕೂತಿದ್ದಾಗ ಮನೆಗೆ ಕಲ್ಲು ಬಿತ್ತು.

ನಮಗೆ ಇದು ಗೊತ್ತಿರುವ ವಿಷಯ, ಅಲ್ವಾ? ಬಹಿಷ್ಕಾರ. ನಮ್ಮ ಕಡೆ ಅದನ್ನು ಪಂಚಾಯಿತಿ ಕಟ್ಟೆ ಮೇಲೆ ಕೂತು ಬಾಯಿಬಿಟ್ಟೇ ಹೇಳುತ್ತಾರೆ. ಅಂಗಡಿಯಲ್ಲಿ ಸಾಮಾನು ಕೊಡಬೇಡಿ, ಮಿಲ್ಲಿನಲ್ಲಿ ಹಿಟ್ಟು ಮಾಡಿಕೊಡಬೇಡಿ, ಮಾತಾಡಿದವರಿಗೆ ದಂಡ. ಇಲ್ಲಿ ಯಾರೂ ತಮಟೆ ಹೊಡೆಯಲಿಲ್ಲ. ಸುಮ್ನೆ ಕಂಡೂ ಕಾಣದ ಹಾಗೆ ನಡೆದುಹೋದರು, ಅಷ್ಟೇ. ಆದರೆ ನಮ್ಮಲ್ಲಿ ಬಹಿಷ್ಕಾರ ಬೀಳುವುದು ಹೆಚ್ಚಾಗಿ ದಲಿತರ ಮೇಲೆ. ಇಲ್ಲಿ ಬಿದ್ದಿದ್ದು ಮೇಲಿನವರಲ್ಲೇ ಮೇಲಿದ್ದವರ ಮೇಲೆ. ನಾನು ಈ ಕತೆಯನ್ನು ಬಿಡದೆ ಹೇಳುವುದು ಇದಕ್ಕೇ.

ಹಾಗಂತ ಕೆಳಗಿನವರು ಕಳೆದುಕೊಂಡಿದ್ದರ ಮುಂದೆ ಇದು ಏನೂ ಅಲ್ಲ. ಇದೇ ರಾಜ್ಯದ ಕ್ಲಾರೆಂಡನ್ ಕೌಂಟಿಯಲ್ಲಿ (ನಮ್ಮ ಜಿಲ್ಲೆಯ ಹಾಗೆ) ಬಿಳಿಯ ಮಕ್ಕಳಿಗೆ ಶಾಲೆ ಬಸ್ಸುಗಳಿದ್ದವು, ಕರಿಯ ಮಕ್ಕಳಿಗೆ ಒಂದೂ ಇರಲಿಲ್ಲ. ಮೈಲಿಗಟ್ಟಲೆ ನಡೆಯಬೇಕಿತ್ತು. ಅಪ್ಪ ಅಮ್ಮಂದಿರು ಕೋರ್ಟಿಗೆ ಬಂದರು. ಕೇಸಿಗೆ ಹೆಸರು ಕೊಟ್ಟ ಹ್ಯಾರಿ ಬ್ರಿಗ್ಸ್ ಪೆಟ್ರೋಲ್ ಬಂಕಿನ ಕೆಲಸ ಕಳೆದುಕೊಂಡರು, ಅವರ ಹೆಂಡತಿ ಎಲೈಜಾ ತಮ್ಮ ಕೆಲಸ ಕಳೆದುಕೊಂಡರು. ಮುಂದೆ ನಿಂತಿದ್ದ ಪಾದ್ರಿ ಡಿಲೇನ್ ಅವರ ಮನೆ ಸುಟ್ಟುಹೋಯಿತು. ಬರೀ ಸೌಲಭ್ಯ ಸಮ ಮಾಡಿ ಅಂತ ಕೇಳಬೇಡಿ, ಕರಿಯ ಮಕ್ಕಳನ್ನು ಬೇರೆ ಶಾಲೆಯಲ್ಲಿ ಕೂರಿಸುವುದನ್ನೇ ಪ್ರಶ್ನಿಸಿ ಅಂತ ವಕೀಲ ಥರ್ಗುಡ್ ಮಾರ್ಷಲ್ ಅವರಿಗೆ ಸೂಚಿಸಿದ್ದು ವೇರಿಂಗ್. ಹಾಗೆ ಕೇಳಿದರೆ ಮೂವರು ಜಡ್ಜ್‌ಗಳ ಪೀಠ ಕೂರಬೇಕು, ಉಳಿದಿಬ್ಬರು ತಮ್ಮ ವಿರುದ್ಧ ಹೋಗುವುದು ಖಂಡಿತ ಅಂತ ಅವರಿಗೆ ಗೊತ್ತಿತ್ತು. 1951ರ ಜೂನ್‌ನಲ್ಲಿ ಹಾಗೇ ಆಯಿತು. ವೇರಿಂಗ್ ಒಬ್ಬರೇ ಭಿನ್ನ ತೀರ್ಪು ಬರೆದರು: ಬೇರ್ಪಡಿಸುವುದೇ ಅಸಮಾನತೆ. ಮೂರು ವರ್ಷದ ನಂತರ, 1954ರ ಮೇ 17ರಂದು, ಸುಪ್ರೀಂ ಕೋರ್ಟಿನ ಒಂಬತ್ತೂ ನ್ಯಾಯಮೂರ್ತಿಗಳು ಅದೇ ದಾರಿಗೆ ಬಂದರು. ಅಷ್ಟರಲ್ಲಿ ವೇರಿಂಗ್ ನಿವೃತ್ತಿ ತಗೊಂಡು ನ್ಯೂಯಾರ್ಕಿಗೆ ಹೋಗಿದ್ದರು.

ನಮ್ಮ ಪದ್ಧತಿ ಬೇರೆ. ಜಿಲ್ಲಾ ನ್ಯಾಯಾಧೀಶರು ಕೆಲವು ವರ್ಷಕ್ಕೊಮ್ಮೆ ವರ್ಗವಾಗುತ್ತಾರೆ, ಆ ಊರಿನ ನಂಟಸ್ತಿಕೆ ಅವರಿಗಿರುವುದಿಲ್ಲ. ಅದು ಒಳ್ಳೆಯದೇ, ಕಲ್ಲು ಬೀಳುವುದು ತಪ್ಪುತ್ತದೆ. ಕೊಪ್ಪಳದ ಮರಕುಂಬಿಯಲ್ಲಿ ಕ್ಷೌರದಂಗಡಿ, ಹೋಟೆಲ್ ಪ್ರವೇಶದ ವಿಷಯಕ್ಕೆ ದಲಿತರ ಮೇಲೆ ನಡೆದ ದಾಳಿಗೆ 2024ರಲ್ಲಿ ಅಲ್ಲಿನ ಸೆಷನ್ಸ್ ಕೋರ್ಟು 98 ಜನರಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಘಟನೆ ನಡೆದಿದ್ದು 2014ರಲ್ಲಿ. ಅಂಥ ತೀರ್ಪು ಬೇಕೇ ಬೇಕು. ಆದರೆ ತೀರ್ಪು ಕೊಟ್ಟವರು ಮುಂದಿನ ಊರಿಗೆ ಹೋಗುತ್ತಾರೆ, ಹೋಟೆಲಿನ ಬೆಂಚು ಅಲ್ಲೇ ಇರುತ್ತದೆ. ಆ ಬೆಂಚಿನ ಮೇಲೆ ಜಾಗ ಬಿಡಬೇಕಾದವರು ನಾವು, ಅದೇ ಊರಲ್ಲಿ ಹುಟ್ಟಿದವರು.

ನಮ್ಮಪ್ಪ ಶಾಲೆ ಮೇಷ್ಟ್ರು. ಅಸ್ಪೃಶ್ಯತೆ ಅಪರಾಧ ಅನ್ನುವ ಸಂವಿಧಾನದ 17ನೇ ವಿಧಿಯನ್ನು ನನಗೆ ಏಳನೇ ಕ್ಲಾಸಿನಲ್ಲಿ ಪಾಠ ಮಾಡಿದವರೇ ಅವರು. ನಮ್ಮ ಮನೆ ಹಿತ್ತಲಿನ ಗೋಡೆ ಗೂಡಿನಲ್ಲಿ ಒಂದು ಸ್ಟೀಲ್ ಲೋಟ ಬೋರಲು ಹಾಕಿರುತ್ತಿತ್ತು. ತೋಟದ ಕೆಲಸಕ್ಕೆ ಬರುತ್ತಿದ್ದವರು ಅದನ್ನು ತಾವೇ ತೆಗೆದು, ಕಾಫಿ ಹೊಯ್ಯಿಸಿಕೊಂಡು, ಕುಡಿದು, ತೊಳೆದು ಮತ್ತೆ ಬೋರಲು ಹಾಕುತ್ತಿದ್ದರು. ಅಪ್ಪನಿಗೆ ಅದು ತಪ್ಪು ಅಂತ ಗೊತ್ತಿತ್ತು. ನನಗೂ ಗೊತ್ತಿತ್ತು. ಅಜ್ಜಿ ಏನಂತಾರೆ, ಬೀದಿಯವರು ಏನಂತಾರೆ ಅಂತ ಇಬ್ಬರೂ ಸುಮ್ಮನಿದ್ದೆವು.

ಹೋದ ತಿಂಗಳು ಫೋನಿನಲ್ಲಿ ಅಪ್ಪನಿಗೆ ಈ ಜಡ್ಜ್ ಕತೆ ಹೇಳಿದೆ. ಎಲ್ಲ ಕೇಳಿಸಿಕೊಂಡು ಒಂದೇ ಪ್ರಶ್ನೆ ಕೇಳಿದರು.

"ಅವರ ಮನೆಯವರೂ ಜೊತೆಗೆ ಬರಲಿಲ್ವೇನೋ?"

"ಇಲ್ಲಪ್ಪ. ಅಣ್ಣನ ಮಗನೇ ಊರಿನ ಪತ್ರಿಕೆಯ ಸಂಪಾದಕ. ಅವನೂ ಎದುರು ಪಕ್ಷವೇ."

1968ರ ಜನವರಿಯಲ್ಲಿ ವೇರಿಂಗ್ ತೀರಿಕೊಂಡಾಗ ಮಣ್ಣು ಮಾಡಲು ಚಾರ್ಲ್ಸ್‌ಟನ್ನಿಗೇ ತಂದರು. ಮ್ಯಾಗ್ನೋಲಿಯಾ ಸ್ಮಶಾನಕ್ಕೆ ಸುಮಾರು 200 ಜನ ಕರಿಯರು ಬಂದಿದ್ದರು, ಬಿಳಿಯರು ಹತ್ತು ಹನ್ನೆರಡು ಜನವೂ ಇರಲಿಲ್ಲ ಅಂತ ಹೇಳಿದೆ. ಅಪ್ಪ ಸ್ವಲ್ಪ ಹೊತ್ತು ಏನೂ ಮಾತಾಡಲಿಲ್ಲ. ಆಮೇಲೆ ಆ ಲೋಟದಲ್ಲಿ ಕುಡಿಯುತ್ತಿದ್ದವರ ಹೆಸರುಗಳನ್ನು ಒಂದೊಂದಾಗಿ ನೆನಪಿಸಿಕೊಂಡು ಹೇಳಿದರು, ನಾಲ್ಕು ಹೆಸರು. ಅವರಲ್ಲಿ ಒಬ್ಬರು ಇನ್ನೂ ಇದ್ದಾರಂತೆ.