ಆಂಟಲೋಪ್ ಕಣಿವೆಗೆ ಪಾಸ್ ಸಾಲದು, ಗೈಡ್ ಬೇಕೇ ಬೇಕು

ಅಮೆರಿಕದ ಅರಿಜೋನಾ ಮರುಭೂಮಿಯ ಆಂಟಲೋಪ್ ಕಣಿವೆ ನೋಡಲು ರಾಷ್ಟ್ರೀಯ ಉದ್ಯಾನಗಳ ವಾರ್ಷಿಕ ಪಾಸ್ ಇದ್ದರೆ ಸಾಕು, ಗೈಡ್ ಎಂಬುದು ಬರೀ ಹಣ ಕೀಳುವ ದಾರಿ ಎಂಬ ಸಂದೇಶ ವಾಟ್ಸ್‌ಆ್ಯಪ್‌ನಲ್ಲಿ ಹರಿದಾಡುತ್ತಿದೆ. ಎರಡೂ ತಪ್ಪು. ಕಣಿವೆ ಇರುವುದು ನವಾಹೊ ಬುಡಕಟ್ಟಿನ ನೆಲದಲ್ಲಿ; ಆ ಪಾಸ್ ಅಲ್ಲಿ ನಡೆಯುವುದಿಲ್ಲ. ಗೈಡ್ ಜೊತೆಗಿದ್ದರಷ್ಟೇ ಪ್ರವೇಶ.

ಹಣದ ಮಾತು ಓದಿ ನಿಜಕ್ಕೂ ನೋವಾಯಿತು. ಗೈಡ್ ಬೇಕಿರುವುದು ಪ್ರವಾಸಿಗರ ಸುರಕ್ಷತೆಗೆ. 1997ರ ಆಗಸ್ಟ್ 12ರಂದು ಆಂಟಲೋಪ್‌ನ ಕೆಳಭಾಗವಾದ ‘ಕೆಳಗಿನ ಕಣಿವೆ’ಗೆ ಪ್ರವಾಹ ನುಗ್ಗಿ 11 ಪ್ರವಾಸಿಗರು ಸತ್ತರು. ಮಳೆ ಸುರಿದದ್ದು ಮೈಲುಗಳಾಚೆ. ಕೈ ಚಾಚಿದರೆ ಎರಡೂ ಕಡೆಯ ಕೆಂಪು ಗೋಡೆ ತಾಕುವ ಇಕ್ಕಟ್ಟಿನಲ್ಲಿ ಓಡುವುದಾದರೂ ಎಲ್ಲಿಗೆ?

ಇನ್ನು, ಆಂಟಲೋಪ್‌ನ ಇನ್ನೊಂದು ಭಾಗವಾದ ‘ಮೇಲಿನ ಕಣಿವೆ’ಯಲ್ಲಿ ಬಂಡೆಯ ಸೀಳಿನಿಂದ ನೇರ ಇಳಿಯುವ ಬೆಳಕಿನ ಕೋಲು ದಿನವಿಡೀ ಕಾಣುವುದಿಲ್ಲ. ಮಾರ್ಚ್ ಕೊನೆಯಿಂದ ಅಕ್ಟೋಬರ್ ಆರಂಭದವರೆಗೆ, ನಡುಮಧ್ಯಾಹ್ನದ ಸುಮಾರಿಗೆ ಮಾತ್ರ.